ಕಟ್ಟಿದ ಲೋಕದ ಸತ್ಯಾಸತ್ಯ

ಚಲನಚಿತ್ರದಲ್ಲಿ ಕಾಣುವ ಮನೆ, ಗುಡಿ, ಬೀದಿ, ಆಶ್ರಮಗಳನ್ನು ಕಟ್ಟಿಸುವವರ ಕೆಲಸವನ್ನು ಮಾಯೆಯ ಸೃಷ್ಟಿ ಎಂದು ಬಣ್ಣಿಸುವುದು ರೂಢಿಯಾಗಿದೆ. ಹೀಗೆ ಹೇಳುವವರು ಹೆಚ್ಚಾಗಿ ಹೊಗಳಿಕೆಯ ಅರ್ಥದಲ್ಲಿಯೇ ಹೇಳುತ್ತಾರಾದರೂ ಆ ಮಾತಿನ ಹಿಂದೆ ಒಂದು ತಾತ್ತ್ವಿಕ ನಿಲುವು ಅಡಗಿದೆ: ಪರದೆಯ ಮೇಲೆ ಕಾಣುವುದು ವಾಸ್ತವದಲ್ಲಿ ಇಲ್ಲದ್ದು, ಇಲ್ಲದ್ದನ್ನು ಇದೆಯೆಂದು ನಂಬಿಸುವುದೇ ಆ ಕಲೆಯ ಸಾಮರ್ಥ್ಯ, ನೋಡುವವನು ಅಷ್ಟು ಹೊತ್ತು ಭ್ರಮೆಗೆ ಒಳಗಾಗಿರುತ್ತಾನೆ ಎಂಬುದೇ ಆ ನಿಲುವು. ಭ್ರಮೆ ಎಂದರೇನು, ತೋರಿಕೆಗೂ ಇರವಿಗೂ ಇರುವ ಸಂಬಂಧ ಯಾವುದು ಎಂಬ ಪ್ರಶ್ನೆಗಳನ್ನು ಭಾರತೀಯ ದರ್ಶನಗಳು ಸಾವಿರಕ್ಕೂ ಹೆಚ್ಚು ವರ್ಷ ಎಳೆ ಎಳೆಯಾಗಿ ಬಿಡಿಸಿ ನೋಡಿವೆ. ಅಷ್ಟು ಚರ್ಚೆಯ ಹಿನ್ನೆಲೆಯಿರುವ ನಾಡಿನಲ್ಲಿ ಈ ಹೊಗಳಿಕೆಯನ್ನು ಪರೀಕ್ಷಿಸದೆ ಒಪ್ಪಿಕೊಳ್ಳುವುದು ಸರಿಯಲ್ಲ. ಪರೀಕ್ಷೆಗೆ ಒಂದು ಅಪೂರ್ವವಾದ ನಿದರ್ಶನವೂ ಕನ್ನಡದ ಪರಿಸರದಲ್ಲಿಯೇ ದೊರೆಯುತ್ತದೆ. ಜಗತ್ತು ಮಿಥ್ಯೆ ಎಂದು ಸಾರಿದ ಆಚಾರ್ಯರ ಜೀವನಚಿತ್ರಕ್ಕೂ, ಜಗತ್ತು ಸತ್ಯ ಎಂದು ವಾದಿಸಿ ಆ ಮತವನ್ನು ಖಂಡಿಸಿದ ಆಚಾರ್ಯರ ಜೀವನಚಿತ್ರಕ್ಕೂ ಲೋಕವನ್ನು ಕಟ್ಟಿಕೊಟ್ಟ ಕೈ ಒಂದೇ ಆಗಿತ್ತು. ಆ ಕೈ ಪಿ. ಕೃಷ್ಣಮೂರ್ತಿಯವರದು.

ಮದ್ರಾಸಿನ ಕಲಾಶಾಲೆಯಲ್ಲಿ ಚಿತ್ರಕಲೆ ಕಲಿತ ಕೃಷ್ಣಮೂರ್ತಿ ತಮಿಳುನಾಡಿನವರು. ಅವರ ಸಿನಿಮಾ ವೃತ್ತಿ ಆರಂಭವಾದದ್ದು ಕನ್ನಡದಲ್ಲಿ, ತ.ರಾ.ಸು. ಅವರ ಕಾದಂಬರಿಯನ್ನು ಆಧರಿಸಿ ಜಿ.ವಿ. ಅಯ್ಯರ್ 1975ರಲ್ಲಿ ನಿರ್ದೇಶಿಸಿದ ‘ಹಂಸಗೀತೆ’ಯಿಂದ. ಗುಬ್ಬಿ ವೀರಣ್ಣನವರ ನಾಟಕ ಕಂಪನಿಯಲ್ಲಿ ಪಳಗಿ ಸಿನಿಮಾಕ್ಕೆ ಬಂದಿದ್ದ ಅಯ್ಯರ್ 1983ರಲ್ಲಿ ಸಂಸ್ಕೃತದಲ್ಲಿ ‘ಆದಿ ಶಂಕರಾಚಾರ್ಯ’ವನ್ನೂ 1986ರಲ್ಲಿ ಕನ್ನಡದಲ್ಲಿ ‘ಮಧ್ವಾಚಾರ್ಯ’ವನ್ನೂ ತೆಗೆದಾಗ ಎರಡಕ್ಕೂ ಕಲಾ ನಿರ್ದೇಶನ ಮಾಡಿದವರು ಕೃಷ್ಣಮೂರ್ತಿಯವರೇ. ಮುಂದೆ ಅವರು ಮಲಯಾಳದ ‘ವೈಶಾಲಿ’, ‘ಒರು ವಡಕ್ಕನ್ ವೀರಗಾಥ’, ‘ಪೆರುಂತಚ್ಚನ್’, ತಮಿಳಿನ ‘ಭಾರತಿ’, ‘ನಾನ್ ಕಡವುಳ್’ ಮೊದಲಾದ ಚಿತ್ರಗಳಿಗೆ ದುಡಿದು, 2020ರ ಡಿಸೆಂಬರ್‌ನಲ್ಲಿ ತೀರಿಕೊಂಡರು. ಹಳೆಯ ಕಾಲ, ಹಳೆಯ ಕಥೆ, ದೇವರು ಮತ್ತು ಶಿಲ್ಪಿಗಳ ಲೋಕ ಇವು ಅವರ ವೃತ್ತಿಯುದ್ದಕ್ಕೂ ಮತ್ತೆ ಮತ್ತೆ ಬಂದ ವಸ್ತುಗಳು. ಆದ್ದರಿಂದ ಕಟ್ಟಿದ ಲೋಕದ ಸತ್ಯಾಸತ್ಯದ ಪ್ರಶ್ನೆಗೆ ಅವರ ಕೆಲಸಕ್ಕಿಂತ ಒಳ್ಳೆಯ ನಿದರ್ಶನ ಸಿಗುವುದು ಕಷ್ಟ.

ಅವರ ಹುದ್ದೆಯ ಹೆಸರನ್ನು ಮೊದಲು ತಿಳಿಯಾಗಿಸಬೇಕು. ಕಲಾ ನಿರ್ದೇಶಕ ಎಂಬುದು ಭಾರತದಲ್ಲಿ ಬಹುಕಾಲ ನಡೆದುಬಂದ ಹೆಸರು. ಪ್ರೊಡಕ್ಷನ್ ಡಿಸೈನರ್ ಎಂಬ ಹೆಸರು ಹಾಲಿವುಡ್ಡಿನಿಂದ ಬಂದದ್ದು. 1939ರ ‘ಗಾನ್ ವಿತ್ ದ ವಿಂಡ್’ ಚಿತ್ರದಲ್ಲಿ ವಿಲಿಯಂ ಕ್ಯಾಮರನ್ ಮೆಂಜೀಸ್ ಅವರ ಕೆಲಸವನ್ನು ಗುರುತಿಸಲು ಅದನ್ನು ಬಳಸಿದ ಮೇಲೆ ಅದು ನೆಲೆಗೊಂಡಿತು. ಸೆಟ್ ಕಟ್ಟಿಸುವುದಷ್ಟೇ ಅಲ್ಲದೆ, ಪಾತ್ರಗಳು ಕೈಯಲ್ಲಿ ಹಿಡಿಯುವ ತಂಬಿಗೆಯಿಂದ ಹಿಡಿದು ಇಡೀ ಚಿತ್ರದ ಬಣ್ಣದ ಹದದವರೆಗೆ, ಕಣ್ಣಿಗೆ ಬೀಳುವ ಎಲ್ಲದಕ್ಕೂ ಒಂದು ಏಕರೂಪದ ಕಲ್ಪನೆಯನ್ನು ಕೊಡುವವರು ಎಂಬುದು ಆ ಹೆಸರಿನ ಅರ್ಥವ್ಯಾಪ್ತಿ. ನಿರ್ದೇಶಕ ಕಥೆಗೆ ಹೊಣೆಯಾದರೆ, ಆ ಕಥೆ ನಡೆಯುವ ಲೋಕಕ್ಕೆ ಇವರು ಹೊಣೆ. ಈ ಪ್ರಬಂಧದ ಮಟ್ಟಿಗೆ ಎರಡು ಹೆಸರುಗಳನ್ನೂ ಒಂದೇ ಅರ್ಥದಲ್ಲಿ ಬಳಸಬಹುದು.

ತತ್ತ್ವದ ಮಾತಿಗೆ ಮುನ್ನ ಕೆಲಸವನ್ನು ಹತ್ತಿರದಿಂದ ನೋಡುವುದು ಅಗತ್ಯ, ಏಕೆಂದರೆ ಸೆಟ್ಟನ್ನು ಭ್ರಮೆ ಎನ್ನುವವರು ಸಾಮಾನ್ಯವಾಗಿ ಅದನ್ನು ಪರದೆಯ ಕಡೆಯಿಂದ ನೋಡಿರುತ್ತಾರೆ, ಕಟ್ಟುವ ಕಡೆಯಿಂದ ಅಲ್ಲ. ಗುಡಿಯೊಂದರ ಕಲ್ಲುಕಂಬವನ್ನು ಸೆಟ್ಟಿನಲ್ಲಿ ನಿಲ್ಲಿಸಬೇಕೆಂದರೆ ಮೊದಲು ಜೇಡಿಮಣ್ಣಿನಲ್ಲಿ ಕಂಬದ ಒಂದು ಭಾಗವನ್ನು ತಿದ್ದಿ, ಅದರ ಮೇಲೆ ಅಚ್ಚು ತೆಗೆದು, ಆ ಅಚ್ಚಿನಲ್ಲಿ ನಾರು ಬೆರೆಸಿದ ಪ್ಲಾಸ್ಟರ್ ಆಫ್ ಪ್ಯಾರಿಸ್ ಸುರಿದು ತೆಳುವಾದ ಚಿಪ್ಪುಗಳನ್ನು ಎರಕ ಹೊಯ್ಯುತ್ತಾರೆ. ಮರದ ರೀಪರುಗಳ ಚೌಕಟ್ಟಿಗೆ ಆ ಚಿಪ್ಪುಗಳನ್ನು ಜೋಡಿಸಿ, ಸಂದುಗಳನ್ನು ಮೆತ್ತಿ, ಉಜ್ಜಿ ನಯಗೊಳಿಸುತ್ತಾರೆ. ಇಷ್ಟಾದಾಗ ದೊರೆಯುವುದು ಬೆಳ್ಳಗಿನ, ಟೊಳ್ಳಾದ, ಯಾರೂ ಕಲ್ಲೆಂದು ನಂಬದ ಒಂದು ಕಂಬ. ನಿಜವಾದ ಕೆಲಸ ಆರಂಭವಾಗುವುದು ಅನಂತರ. ಬೂದುಬಣ್ಣದ ಮೊದಲ ಲೇಪದ ಮೇಲೆ ಸ್ಪಂಜಿನಿಂದ ಕಪ್ಪು, ಕಂದು, ಹಸಿರು ಛಾಯೆಗಳನ್ನು ಒತ್ತುತ್ತಾರೆ. ಮಳೆನೀರು ಇಳಿಯುವ ಕಡೆ ಪಾಚಿಯ ಗೆರೆ, ದೀಪವಿಡುವ ಗೂಡಿನ ಮೇಲೆ ಎಣ್ಣೆಹೊಗೆಯ ಕರಿ, ಆಳಿನ ಎದೆಯೆತ್ತರದಲ್ಲಿ ಸಾವಿರಾರು ಕೈಗಳು ಸವರಿ ಬಂದ ಹೊಳಪು, ಬುಡದಲ್ಲಿ ಕುಂಕುಮ ಮತ್ತು ನೀರು ಸೇರಿ ಕಟ್ಟಿದ ಕಲೆ ಇವೆಲ್ಲ ಒಂದೊಂದಾಗಿ ಬರುತ್ತವೆ. ಹೊಸ್ತಿಲಿನ ನಡುಭಾಗವನ್ನು ಕೊಂಚ ಸವೆಸುತ್ತಾರೆ, ಅಂಚುಗಳನ್ನು ಹಾಗೆಯೇ ಬಿಡುತ್ತಾರೆ, ಏಕೆಂದರೆ ಮನುಷ್ಯರು ದಾಟುವುದು ನಡುವಿನಲ್ಲಿ.

ಈ ಕೊನೆಯ ಹಂತದಲ್ಲಿ ಮೂಡಿಬರುವುದು ಕಾಲದ ಗುರುತು. ಕಲ್ಲಿನ ಬಣ್ಣವನ್ನು ಯಾವ ಬಣ್ಣಗಾರನೂ ಹಚ್ಚಬಲ್ಲ. ಆ ಕಲ್ಲಿನ ಮೇಲೆ ಯಾರು ಹೇಗೆ ಬದುಕಿದ್ದರು ಎಂಬುದನ್ನು ಯೋಚಿಸಿ, ಆ ಬದುಕು ಎಲ್ಲೆಲ್ಲಿ ಗುರುತು ಬಿಟ್ಟಿರಬೇಕೆಂದು ಊಹಿಸಿ, ಆ ಗುರುತುಗಳನ್ನಷ್ಟೇ ಇಡುವುದು ಕಲಾ ನಿರ್ದೇಶಕನ ವಿವೇಕ. ಇಂಥ ವಿವೇಕವನ್ನು ವಂಚನೆಯ ಕೌಶಲವೆಂದು ಕರೆಯುವುದಾದರೆ ಇತಿಹಾಸಕಾರನ ವಿವೇಕವನ್ನೂ ಹಾಗೆಯೇ ಕರೆಯಬೇಕಾಗುತ್ತದೆ.

ಈಗ ಅದ್ವೈತದ ಕಡೆಗೆ ತಿರುಗಬಹುದು. ಶಂಕರರು ಬ್ರಹ್ಮಸೂತ್ರಭಾಷ್ಯದ ಆರಂಭದಲ್ಲಿ ಅಧ್ಯಾಸ ಎಂಬ ಪರಿಕಲ್ಪನೆಯನ್ನು ನಿರೂಪಿಸುತ್ತಾರೆ. ಒಂದರ ಮೇಲೆ ಇನ್ನೊಂದನ್ನು ಆರೋಪಿಸಿ ತಿಳಿಯುವುದೇ ಅಧ್ಯಾಸ. ಹಿಂದೆ ಕಂಡದ್ದು ನೆನಪಿನ ಬಲದಿಂದ ಈಗ ಬೇರೊಂದರಲ್ಲಿ ತೋರುವುದು ಅದರ ಬಗೆ. ಕಪ್ಪೆಚಿಪ್ಪು ಬೆಳ್ಳಿಯಾಗಿ, ಮಬ್ಬಿನಲ್ಲಿ ಹಗ್ಗ ಹಾವಾಗಿ ಕಾಣುವುದು ಇದಕ್ಕೆ ಪ್ರಸಿದ್ಧ ದೃಷ್ಟಾಂತಗಳು. ತೋರಿದ ಬೆಳ್ಳಿ ಇದೆಯೆಂದು ಹೇಳುವಂತಿಲ್ಲ, ಏಕೆಂದರೆ ಚಿಪ್ಪಿನ ಅರಿವು ಮೂಡಿದೊಡನೆ ಅದು ಅಳಿಯುತ್ತದೆ. ಇಲ್ಲವೇ ಇಲ್ಲವೆಂದೂ ಹೇಳುವಂತಿಲ್ಲ, ಏಕೆಂದರೆ ಮೊಲದ ಕೊಂಬಿನಂತೆ ಎಂದಿಗೂ ಕಾಣದೆ ಉಳಿಯದೆ ಅದು ಕಣ್ಣಿಗೆ ಕಂಡಿತ್ತು. ಇದೆ ಅಥವಾ ಇಲ್ಲ ಎಂದು ನಿರ್ವಚಿಸಲಾಗದ ಈ ಸ್ಥಿತಿಯನ್ನು ಅದ್ವೈತಿಗಳು ಅನಿರ್ವಚನೀಯ ಎಂದು ಕರೆದರು. ಇದರ ಮೇಲೆ ಸತ್ತೆಯ ಮೂರು ಮೆಟ್ಟಿಲುಗಳು ನಿಂತವು: ಎಂದೂ ಬಾಧೆಗೊಳ್ಳದ, ಎಂದರೆ ಮುಂದಿನ ಯಾವ ಅರಿವಿನಿಂದಲೂ ಅಲ್ಲಗಳೆಯಲಾಗದ, ಬ್ರಹ್ಮದ್ದು ಪಾರಮಾರ್ಥಿಕ, ದಿನನಿತ್ಯದ ವ್ಯವಹಾರಕ್ಕೆ ಆಧಾರವಾದ ಜಗತ್ತಿನದು ವ್ಯಾವಹಾರಿಕ, ಕನಸು ಮತ್ತು ಭ್ರಮೆಗಳದು ಪ್ರಾತಿಭಾಸಿಕ.

ಮೇಲುನೋಟಕ್ಕೆ ಸೆಟ್ಟಿನ ಗುಡಿ ಪ್ರಾತಿಭಾಸಿಕದ ಮೆಟ್ಟಿಲಿಗೆ ಸೇರಿದ್ದೆಂದು ತೋರುತ್ತದೆ: ಪ್ಲಾಸ್ಟರು ಚಿಪ್ಪಿನ ಸ್ಥಾನದಲ್ಲಿ, ಕಲ್ಲು ಬೆಳ್ಳಿಯ ಸ್ಥಾನದಲ್ಲಿ. ಆದರೆ ಹೋಲಿಕೆ ಬಹುದೂರ ಸಾಗುವುದಿಲ್ಲ. ಬೆಳ್ಳಿಯ ಭ್ರಮೆ ಚಿಪ್ಪಿನ ಅರಿವಿನಿಂದ ನಾಶವಾಗುತ್ತದೆ. ಸಿನಿಮಾದ ಗುಡಿ ಸೆಟ್ಟೆಂಬ ಅರಿವಿನಿಂದ ನಾಶವಾಗುವುದಿಲ್ಲ. ಚಿತ್ರಮಂದಿರಕ್ಕೆ ಬರುವ ಪ್ರತಿಯೊಬ್ಬನಿಗೂ ಅದು ಕಟ್ಟಿಸಿದ್ದೆಂದು ಮೊದಲೇ ಗೊತ್ತಿರುತ್ತದೆ, ಗೊತ್ತಿದ್ದೂ ಗುಡಿ ಗುಡಿಯಾಗಿಯೇ ಕಾಣುತ್ತದೆ, ಕಂಡು ಮನಸ್ಸು ಕರಗುತ್ತದೆ. ಅದ್ವೈತಿಗಳ ಬಳಿ ಇದಕ್ಕೆ ಉತ್ತರವಿಲ್ಲದೆ ಇಲ್ಲ. ದಾಸವಾಳದ ಪಕ್ಕದಲ್ಲಿಟ್ಟ ಸ್ಫಟಿಕ ಕೆಂಪಾಗಿ ಕಾಣುತ್ತದೆ. ಸ್ಫಟಿಕಕ್ಕೆ ಬಣ್ಣವಿಲ್ಲವೆಂದು ತಿಳಿದ ಮೇಲೂ, ಹೂವು ಅಲ್ಲಿರುವ ತನಕ ಆ ಕೆಂಪು ಕಾಣುತ್ತಲೇ ಇರುತ್ತದೆ. ಹೀಗೆ ಹೊರಗಿನ ನಿಮಿತ್ತವೊಂದಕ್ಕೆ ಕಟ್ಟುಬಿದ್ದ ಭ್ರಮೆಯನ್ನು ಸೋಪಾಧಿಕ ಭ್ರಮೆ ಎನ್ನುತ್ತಾರೆ. ಆ ಹೊರಗಿನ ನಿಮಿತ್ತಕ್ಕೆ ಉಪಾಧಿ ಎಂದು ಹೆಸರು. ಸೆಟ್ಟು, ಬೆಳಕು, ಕ್ಯಾಮೆರಾಗಳು ಉಪಾಧಿಗಳಾಗಿ ನಿಂತಿರುವುದರಿಂದಲೇ ತಿಳಿವಳಿಕೆಯಿದ್ದೂ ತೋರಿಕೆ ಉಳಿಯುತ್ತದೆ ಎಂದು ಅವರು ವಾದಿಸಬಹುದು. ವಾದ ಗಟ್ಟಿಯಾದುದೇ. ಆದರೂ ಒಂದು ಕೊರತೆ ಉಳಿಯುತ್ತದೆ: ಸ್ಫಟಿಕದ ಕೆಂಪಿನಲ್ಲಿ ತಿಳಿಯಬೇಕಾದ ವಿಷಯವೇನೂ ಇಲ್ಲ, ಅದನ್ನು ದಾಟಿ ಹೋಗುವುದಷ್ಟೇ ಕೆಲಸ, ಚೆನ್ನಾಗಿ ಕಟ್ಟಿದ ಸೆಟ್ಟಿನಲ್ಲಿ ಬೇರೊಂದು ಕಾಲದ, ಬೇರೊಂದು ಬದುಕಿನ ತಿಳಿವಳಿಕೆ ದೊರೆಯುತ್ತದೆ. ಭ್ರಮೆಯಿಂದ ಅರಿವು ಹುಟ್ಟುವುದು ಹೇಗೆ ಎಂಬ ಪ್ರಶ್ನೆಗೆ ಈ ದೃಷ್ಟಾಂತ ಸಾಲದು.

ಅಧ್ಯಾಸದ ನಿರೂಪಣೆಯಲ್ಲಿ ಕಲಾ ನಿರ್ದೇಶಕನಿಗೆ ನಿಜವಾಗಿ ಉಪಯುಕ್ತವಾದ ಅಂಶವೆಂದರೆ ನೆನಪಿನ ಪಾತ್ರ. ಹಿಂದೆ ಬೆಳ್ಳಿ ಕಾಣದವನಿಗೆ ಚಿಪ್ಪಿನಲ್ಲಿ ಬೆಳ್ಳಿ ತೋರದು. ಆದರೆ ಶಂಕರರದೆಂದು ಸಾಮಾನ್ಯವಾಗಿ ಎಣಿಸಲಾಗುವ 8ನೆಯ ಶತಮಾನದ ಕೇರಳವನ್ನು ಕಂಡವರು ಯಾರೂ ಇಲ್ಲ. ಪ್ರೇಕ್ಷಕರ ನೆನಪಿನಲ್ಲಿರುವುದು ಆ ಕಾಲದ ಲೋಕವಲ್ಲ, ರವಿವರ್ಮನ ಮುದ್ರಿತ ಚಿತ್ರಗಳ, ಕ್ಯಾಲೆಂಡರುಗಳ, ಪೌರಾಣಿಕ ಸಿನಿಮಾಗಳ ಲೋಕ: ಜರಿಯಂಚಿನ ಪರದೆಗಳು, ಚಿನ್ನದ ಬಣ್ಣ ಬಳಿದ ಸಿಂಹಾಸನಗಳು, ನುಣುಪಾದ ಕಂಬಗಳ ಸಾಲು. ಸುಲಭದ ದಾರಿ ಹಿಡಿಯುವ ಕಲಾ ನಿರ್ದೇಶಕ ಆ ನೆನಪನ್ನೇ ಮೀಟಿ ಚಪ್ಪಾಳೆ ಗಿಟ್ಟಿಸಬಲ್ಲ. ಅಯ್ಯರ್ ಅವರ ಚಿತ್ರಕ್ಕೆ ಆ ದಾರಿ ಮುಚ್ಚಿತ್ತು. ಸಂಸ್ಕೃತ ಭಾಷೆಯಲ್ಲಿ ತಯಾರಾದ ಮೊದಲ ಕಥಾಚಿತ್ರವಾದ ಅದರಲ್ಲಿ ಮಾತು ಬಹುಪಾಲು ಪ್ರೇಕ್ಷಕರಿಗೆ ನೇರವಾಗಿ ಅರ್ಥವಾಗುವಂತಿರಲಿಲ್ಲ. ಆದ್ದರಿಂದ ಅರ್ಥದ ಭಾರವನ್ನು ಹೊರಬೇಕಾದವು ನೀರು, ಮರ, ಓಲೆಗರಿ, ಮಣ್ಣಿನ ಪಾತ್ರೆ, ಉರಿಯುವ ಚಿತೆ, ಬರಿಮೈಯ ಮೇಲಿನ ಬಟ್ಟೆ ಇಂಥ ವಸ್ತುಗಳು. ಅತಿಯಾಗಿ ಸಿಂಗರಿಸಿದ ಲೋಕದಲ್ಲಿ ಇವು ಯಾವುವೂ ಮಾತಾಡವು.

1983ರ ಚಿತ್ರಗಳಿಗೆ ಸಂದ ರಾಷ್ಟ್ರಪ್ರಶಸ್ತಿಗಳಲ್ಲಿ ‘ಆದಿ ಶಂಕರಾಚಾರ್ಯ’ಕ್ಕೆ ಅತ್ಯುತ್ತಮ ಚಿತ್ರ, ಚಿತ್ರಕಥೆ, ಛಾಯಾಗ್ರಹಣ ಮತ್ತು ಧ್ವನಿಗ್ರಹಣದ ಮನ್ನಣೆಗಳು ದೊರೆತವು, ಕಲಾ ನಿರ್ದೇಶನದ್ದು ದೊರೆಯಲಿಲ್ಲ. ಕೃಷ್ಣಮೂರ್ತಿಯವರಿಗೆ ಆ ಪ್ರಶಸ್ತಿ ಬಂದದ್ದು ಮೂರು ವರ್ಷಗಳ ಬಳಿಕ ‘ಮಧ್ವಾಚಾರ್ಯ’ಕ್ಕೆ. ಇದರಿಂದ ಯಾವ ತತ್ತ್ವವನ್ನೂ ಹಿಂಡಿ ತೆಗೆಯಬೇಕಾಗಿಲ್ಲ. ಆದರೆ ಒಂದಂಶ ಗಮನಾರ್ಹ: ಶಂಕರರ ಲೋಕವನ್ನು ಕಟ್ಟುವುದರಲ್ಲಿ ಬಹುಪಾಲು ಕೆಲಸ ತೆಗೆದುಹಾಕುವುದೇ ಆಗಿರುತ್ತದೆ. ಸಂನ್ಯಾಸಿಯ ಸುತ್ತ ಏನಿರಬೇಕು ಎಂಬುದಕ್ಕಿಂತ ಏನಿರಬಾರದು ಎಂಬ ನಿರ್ಧಾರ ಅಲ್ಲಿ ದೊಡ್ಡದು; ಹಾಗೆ ತೆಗೆದುಹಾಕಿದ್ದನ್ನು ಯಾವ ತೀರ್ಪುಗಾರನೂ ಕಾಣಲಾರ. ಉಪನಿಷತ್ತುಗಳ ನೇತಿ ನೇತಿ ಎಂಬ ವಿಧಾನ, ಎಂದರೆ ಇದಲ್ಲ ಇದಲ್ಲ ಎಂದು ನಿರಾಕರಿಸುತ್ತ ವಸ್ತುವನ್ನು ಸಮೀಪಿಸುವ ಬಗೆ, ಕಲಾ ನಿರ್ದೇಶಕನ ಕಸುಬಿನಲ್ಲಿ ಹೀಗೆ ಒಂದು ಪ್ರಾಯೋಗಿಕ ರೂಪ ಪಡೆಯುತ್ತದೆ.

ಕನ್ನಡದ ಕವಿಯೊಬ್ಬ ಈ ಪ್ರಶ್ನೆಯನ್ನು ಎದುರು ದಿಕ್ಕಿನಿಂದ ನೋಡಿದ್ದನ್ನು ಇಲ್ಲಿ ನೆನೆಯಬೇಕು. ಚಾಮರಸನ ‘ಪ್ರಭುಲಿಂಗಲೀಲೆ’ಯಲ್ಲಿ ಮಾಯೆ ಬರಿಯ ತತ್ತ್ವವಾಗಿ ಉಳಿಯದೆ ಬನವಾಸಿಯ ಅರಸನ ಮಗಳಾಗಿ ಹುಟ್ಟುತ್ತಾಳೆ, ಅವಳಿಗೆ ಊರಿದೆ, ಅರಮನೆಯಿದೆ, ಮಧುಕೇಶ್ವರನ ಗುಡಿಯಿದೆ, ಅವಳ ನೃತ್ಯಕ್ಕೆ ಅಲ್ಲಮನ ಮದ್ದಳೆಯಿದೆ. ಮಾಯೆಯನ್ನು ಮಾಯೆಯೆಂದು ತೋರಿಸಬೇಕಾದರೂ ಅದಕ್ಕೊಂದು ದೃಢವಾದ ಊರನ್ನು ಕಟ್ಟಿಕೊಡಲೇಬೇಕು ಎಂಬುದನ್ನು ಚಾಮರಸ ಬಲ್ಲವನಾಗಿದ್ದ. ಅಯ್ಯರ್ ಅವರ ಚಿತ್ರದಲ್ಲಿಯೂ ಮೃತ್ಯು ಮತ್ತು ಪ್ರಜ್ಞೆಗಳು ಮನುಷ್ಯರೂಪ ತಾಳಿ ಶಂಕರರ ಜೊತೆಜೊತೆಗೆ ನಡೆಯುತ್ತವೆ. ಅಮೂರ್ತಕ್ಕೆ ಮೈ ಕೊಟ್ಟು ರಂಗಕ್ಕೆ ತರುವುದನ್ನು ಭರತನ ನಾಟ್ಯಶಾಸ್ತ್ರ ನಾಟ್ಯಧರ್ಮಿಗೆ ಸೇರಿಸುತ್ತದೆ. ಲೋಕದ ರೀತಿಯನ್ನು ಇದ್ದಂತೆ ಅನುಸರಿಸುವುದು ಲೋಕಧರ್ಮಿ, ಕಲೆಯ ಸಂಕೇತಗಳಿಂದ ಲೋಕವನ್ನು ಮೀರಿ ತೋರಿಸುವುದು ನಾಟ್ಯಧರ್ಮಿ. ಮೃತ್ಯುವಿನ ಪಾತ್ರಧಾರಿ ಅಲ್ಲಿ ನಡೆದಾಡುವ ನೆಲ ಮಾತ್ರ ನಿಜವಾದ ಕೆಸರು, ನಿಜವಾದ ಮರಳು ಆಗಿರಬೇಕಾಗುತ್ತದೆ; ನೆಲವೂ ಸಂಕೇತವೇ ಆಗಿಬಿಟ್ಟರೆ ಮೃತ್ಯು ಎಂಬ ಸಂಕೇತಕ್ಕೆ ಬಲವಿರದು.

ನಾಟ್ಯಶಾಸ್ತ್ರದ ಪ್ರಸ್ತಾಪ ಬಂದದ್ದರಿಂದ ಅದರಲ್ಲಿ ಈ ಕಸುಬಿಗೇ ಮೀಸಲಾದ ಭಾಗವನ್ನು ಬಿಟ್ಟು ಮುಂದೆ ಹೋಗುವಂತಿಲ್ಲ. ವೇಷಭೂಷಣ ಮತ್ತು ರಂಗವಸ್ತುಗಳ ಮೂಲಕ ನಡೆಯುವ ಆಹಾರ್ಯಾಭಿನಯವನ್ನು ವಿವರಿಸುವಾಗ ಭರತನು ಪುಸ್ತ ಎಂಬ ವರ್ಗವನ್ನು ಮೊದಲು ಹೇಳುತ್ತಾನೆ. ಬೆಟ್ಟ, ರಥ, ವಿಮಾನ, ಕವಚ, ಧ್ವಜ, ಆನೆ ಮೊದಲಾದವುಗಳ ಕೃತಕ ರೂಪಗಳೆಲ್ಲ ಪುಸ್ತ. ಚಾಪೆ, ಬಟ್ಟೆ, ತೊಗಲುಗಳನ್ನು ಜೋಡಿಸಿ ಮಾಡಿದ್ದು ಸಂಧಿಮ, ಯಂತ್ರದಿಂದ ಚಲಿಸುವುದು ವ್ಯಾಜಿಮ, ಸುತ್ತಿ ಹೊದಿಸಿ ರೂಪಿಸಿದ್ದು ವೇಷ್ಟಿಮ. ರಂಗದ ಮೇಲೆ ನಿಜವಾದ ಲೋಹದ ಭಾರದ ಆಯುಧಗಳನ್ನು ಬಳಸಬಾರದು, ಅವು ನಟರನ್ನು ದಣಿಸುತ್ತವೆ, ಬಿದಿರು ಅರಗು ಮುಂತಾದ ಹಗುರ ವಸ್ತುಗಳಿಂದ ಮಾಡಿದ್ದನ್ನೇ ಬಳಸಬೇಕು ಎಂಬುದೂ ಅವನ ವಿಧಿ. ಈ ವಿಧಿಯ ಹಿಂದಿನ ಧೋರಣೆ ಬಹಳ ಮುಖ್ಯವಾದುದು: ಹಗುರವಾದ ಕೃತಕ ವಸ್ತು ನಿಜವಸ್ತುವಿಗೆ ಒದಗಿದ ಬಡ ಬದಲಿಯಲ್ಲ, ರಂಗಕ್ಕೆ ಅದೇ ಯೋಗ್ಯವಾದ ವಸ್ತು. ರಂಗದ ಕತ್ತಿಯನ್ನು ಯುದ್ಧದ ಕತ್ತಿಯ ಅಳತೆಗೋಲಿನಿಂದ ಅಳೆದು ಸುಳ್ಳೆನ್ನುವುದು ಭರತನ ದೃಷ್ಟಿಯಲ್ಲಿ ಅಸಂಗತ.

ಭರತನನ್ನು ವ್ಯಾಖ್ಯಾನಿಸಿದವರಲ್ಲಿ ಶ್ರೀಶಂಕುಕನು ಈ ಮಾತಿಗೆ ತಾತ್ತ್ವಿಕ ರೂಪ ಕೊಟ್ಟನು; ಅವನ ಅಭಿಪ್ರಾಯ ಅಭಿನವಗುಪ್ತನ ‘ಅಭಿನವಭಾರತಿ’ಯ ಮೂಲಕ ಉಳಿದುಬಂದಿದೆ. ಗೋಡೆಯ ಮೇಲೆ ಬರೆದ ಕುದುರೆಯನ್ನು ನೋಡಿ ಇದು ಕುದುರೆ ಎನ್ನುವಾಗ ಉಂಟಾಗುವ ಅರಿವು ಸತ್ಯಜ್ಞಾನವಲ್ಲ, ಮಿಥ್ಯಾಜ್ಞಾನವಲ್ಲ, ಸಂಶಯವಲ್ಲ, ಬರಿಯ ಸಾದೃಶ್ಯದ ಅರಿವೂ ಅಲ್ಲ. ಅದು ಇವೆಲ್ಲಕ್ಕಿಂತ ಬೇರೆಯಾದ ಒಂದು ಪ್ರತೀತಿ ಎಂಬುದು ಅವನ ಚಿತ್ರತುರಗ ನ್ಯಾಯ. ಅಭಿನವಗುಪ್ತ ಅವನ ಅನುಕರಣವಾದವನ್ನು ಒಪ್ಪಲಿಲ್ಲವೆಂಬುದು ಬೇರೆ ಮಾತು. ಪ್ರೇಕ್ಷಕನ ಅರಿವನ್ನು ಭ್ರಮೆಯ ಖಾನೆಯಿಂದ ಬಿಡಿಸಿದ್ದು ಶಂಕುಕನ ದೊಡ್ಡ ಕೊಡುಗೆ. ಆದರೆ ಅವನು ವಿವರಿಸಿದ್ದು ನೋಡುವವನ ಅರಿವನ್ನು. ಕಟ್ಟಿ ನಿಲ್ಲಿಸಿದ ವಸ್ತುವಿನ ಇರವು ಎಂಥದು ಎಂಬ ಪ್ರಶ್ನೆ ಅಲ್ಲಿಗೂ ಉಳಿದೇ ಇರುತ್ತದೆ.

ಆ ಪ್ರಶ್ನೆಗೆ ಅತ್ಯಂತ ನೇರವಾದ ಉತ್ತರ ದೊರೆಯುವುದು ಮಧ್ವರಲ್ಲಿ, ಅವರು ತಮ್ಮ ಮತಕ್ಕೆ ಇಟ್ಟ ಹೆಸರಿನಂತೆ ತತ್ತ್ವವಾದದಲ್ಲಿ. 13ನೆಯ ಶತಮಾನದಲ್ಲಿ ಉಡುಪಿಯ ಸಮೀಪದ ಪಾಜಕದಲ್ಲಿ ಹುಟ್ಟಿದ ಮಧ್ವರು ಜಗತ್ತು ಸತ್ಯ, ಅದರೊಳಗಿನ ಭೇದವೂ ಸತ್ಯ ಎಂದು ಸಾಧಿಸಿದರು. ಅವರು ಹೇಳಿದ ಐದು ಭೇದಗಳಲ್ಲಿ ಈಶ್ವರನಿಗೂ ಜೀವನಿಗೂ, ಈಶ್ವರನಿಗೂ ಜಡಕ್ಕೂ, ಜೀವಜೀವರಿಗೂ, ಜೀವನಿಗೂ ಜಡಕ್ಕೂ ಇರುವ ಭೇದಗಳ ಜೊತೆಗೆ ಜಡಜಡಗಳ ಭೇದವೂ ಒಂದು. ಮತದ ಚರ್ಚೆಗಳಲ್ಲಿ ಕೊನೆಯದಕ್ಕೆ ಸಿಗುವ ಗಮನ ಕಡಿಮೆ, ಏಕೆಂದರೆ ಅದನ್ನು ನಿರಾಕರಿಸುವ ಮುಮುಕ್ಷುವಿಗೆ ಆಗುವ ನಷ್ಟ ಮೊದಲಿನವುಗಳಷ್ಟು ಘೋರವಲ್ಲ. ಆದರೆ ಕಲಾ ನಿರ್ದೇಶಕನ ಇಡೀ ವೃತ್ತಿ ನಿಂತಿರುವುದು ಜಡಜಡಗಳ ಭೇದದ ಮೇಲೆ. ಪ್ಲಾಸ್ಟರು ಕಲ್ಲಲ್ಲ, ಪ್ಲೈವುಡ್ಡು ಹಲಸಿನ ಹಲಗೆಯಲ್ಲ ಎಂಬುದನ್ನು ಅವನಷ್ಟು ಖಚಿತವಾಗಿ ಬಲ್ಲವನು ಇನ್ನೊಬ್ಬನಿಲ್ಲ. ಯಾವ ವಸ್ತು ಯಾವ ಬೆಳಕಿನಲ್ಲಿ ಯಾವುದನ್ನು ಹೋಲಬಲ್ಲದು, ಎಷ್ಟು ಹತ್ತಿರ ಬಂದರೆ ಹೋಲಲಾರದು ಎಂಬ ಭೇದಜ್ಞಾನವೇ ಅವನ ವಿದ್ಯೆ. ಕರಾವಳಿಯ ಗುಡಿಗಳಲ್ಲಿ ಮುರಕಲ್ಲಿನ ಗೋಡೆಯ ಒರಟುತನ, ಮಳೆಗೆ ಇಳಿಜಾರಾದ ಮಾಡು, ಮುಳಿಹುಲ್ಲು ಅಥವಾ ತಾಮ್ರದ ಹೊದಿಕೆ, ಮರದ ಜಾಲಂದ್ರ ಇವು ಬಯಲುಸೀಮೆಯ ಕರಿಕಲ್ಲಿನ ಗುಡಿಗಳಿಂದ ಎಷ್ಟು ಬೇರೆ ಎಂಬುದನ್ನು ಅರಿಯದವನು ಮಧ್ವರ ಲೋಕವನ್ನು ಕಟ್ಟಲಾರ. ಭೇದವನ್ನು ಅಲಕ್ಷಿಸಿದೊಡನೆ ಎಲ್ಲ ಪೌರಾಣಿಕ ಸೆಟ್ಟುಗಳೂ ಒಂದೇ ಆಗಿ ಕಾಣುವ ದೋಷ ಹುಟ್ಟುತ್ತದೆ.

ಭ್ರಮೆಯ ಬಗ್ಗೆಯೂ ಮಧ್ವರ ನಿಲುವು ವಿಶಿಷ್ಟ. ಭ್ರಮೆ ಉಂಟಾಗಬೇಕಾದರೆ ಎರಡು ಸತ್ಯವಸ್ತುಗಳು ಬೇಕೇ ಬೇಕು: ಎದುರಿಗಿರುವ ಚಿಪ್ಪು ಸತ್ಯ, ಬೇರೆಲ್ಲಿಯೋ ಇರುವ ಬೆಳ್ಳಿಯೂ ಸತ್ಯ, ಇದೇ ಅದು ಎಂಬ ಅಂಶವಷ್ಟೇ ಪೂರ್ತಿ ಅಸತ್ಯ. ಅನಿರ್ವಚನೀಯವೆಂಬ ಮೂರನೆಯ ಸ್ಥಿತಿ ಅವರಿಗೆ ಬೇಕಾಗಿಲ್ಲ. ಈ ದೃಷ್ಟಿಯಿಂದ ನೋಡಿದರೆ ಸೆಟ್ಟಿನ ಕಂಬದಲ್ಲಿ ಸುಳ್ಳೆಂಬುದಕ್ಕೆ ಉಳಿಯುವ ಜಾಗ ಅತ್ಯಲ್ಪ. ಪ್ಲಾಸ್ಟರು, ನಾರು, ರೀಪರು ಸತ್ಯ. ಅದಕ್ಕೆ ಮಾದರಿಯಾದ ಕಲ್ಲುಕಂಬವೂ ಎಲ್ಲಿಯೋ ಒಂದು ಗುಡಿಯಲ್ಲಿ ಸತ್ಯ. ಇವೆರಡೂ ಒಂದೇ ಎಂದು ಕಲಾ ನಿರ್ದೇಶಕನೂ ಹೇಳುವುದಿಲ್ಲ, ಪ್ರೇಕ್ಷಕನೂ ನಂಬುವುದಿಲ್ಲ. ಹಾಗಾದರೆ ಎರಡರ ನಡುವಿನ ಸಂಬಂಧವೇನು ಎಂಬುದಕ್ಕೆ ಮಧ್ವರ ಬಿಂಬಪ್ರತಿಬಿಂಬ ಭಾವ ಬೆಳಕು ಚೆಲ್ಲುತ್ತದೆ. ಜೀವನು ಭಗವಂತನ ಪ್ರತಿಬಿಂಬ ಎಂದು ಅವರು ಹೇಳುವಾಗ, ಕನ್ನಡಿಯಲ್ಲಿ ಕಾಣುವ ಮುಖದಂತೆ ಉಪಾಧಿ ತೆಗೆದೊಡನೆ ಇಲ್ಲವಾಗುವ ತೋರಿಕೆ ಎಂಬ ಅರ್ಥ ಅದಕ್ಕಿಲ್ಲ. ಬಿಂಬಕ್ಕೆ ಅಧೀನವಾಗಿರುವುದು, ಬಿಂಬವನ್ನು ಹೋಲುವುದು, ಬಿಂಬಕ್ಕಿಂತ ಬೇರೆಯಾಗಿರುವುದು ಇವೇ ಅಲ್ಲಿ ಪ್ರತಿಬಿಂಬದ ಲಕ್ಷಣಗಳು. ಪ್ರತಿಬಿಂಬವಾದ ಮಾತ್ರಕ್ಕೆ ಜೀವ ಸುಳ್ಳಾಗುವುದಿಲ್ಲ.

ಜೀವೇಶ್ವರರ ಸಂಬಂಧಕ್ಕಾಗಿ ಹೇಳಿದ ಈ ಸಿದ್ಧಾಂತವನ್ನು ಮರ ಮತ್ತು ಗಾರೆಯ ಕೆಲಸಕ್ಕೆ ಅನ್ವಯಿಸುವುದು ಔಚಿತ್ಯ ಮೀರಿದ್ದೆಂದು ಸಂಪ್ರದಾಯಸ್ಥರು ಆಕ್ಷೇಪಿಸಬಹುದು. ಆ ಸಂಬಂಧ ಅನಾದಿ ಮತ್ತು ನಿತ್ಯ, ಸೆಟ್ಟಿನ ಸಂಬಂಧ ಚಿತ್ರೀಕರಣ ಮುಗಿಯುವವರೆಗೆ ಮಾತ್ರ. ಈ ಅಂತರವನ್ನು ಮರೆಯಬಾರದು. ಇಲ್ಲಿ ಎರವಲು ಪಡೆದಿರುವುದು ಆ ಸಿದ್ಧಾಂತ ತೆರೆದ ಒಂದು ತಾರ್ಕಿಕ ಸಾಧ್ಯತೆಯನ್ನು ಮಾತ್ರ: ಒಂದು ವಸ್ತು ಇನ್ನೊಂದನ್ನು ಹೋಲುತ್ತ, ಅದಕ್ಕೆ ಅಧೀನವಾಗಿದ್ದೂ, ತನ್ನಷ್ಟಕ್ಕೆ ಸತ್ಯವಾಗಿರಬಹುದು. ಅಧೀನವಾದದ್ದೆಲ್ಲ ಅಸತ್ಯವೆಂಬ ಪೂರ್ವಗ್ರಹವನ್ನು ಇದು ಮುರಿಯುತ್ತದೆ, ಮತ್ತು ಸಿನಿಮಾದ ಕಲೆಯನ್ನು ಕುರಿತ ಮಾತುಕತೆಯಲ್ಲಿ ಅತಿ ಹೆಚ್ಚು ಹಾನಿ ಮಾಡಿರುವುದು ಆ ಪೂರ್ವಗ್ರಹವೇ. ಕೃಷ್ಣಮೂರ್ತಿಯವರಂಥ ಕಲಾವಿದರನ್ನು ಮಾಯಾವಿಗಳೆಂದು ಹೊಗಳಿದಾಗ ಅವರು ಓಲೆ ಹೆಣೆಯುವವರಿಂದ, ಬಡಗಿಗಳಿಂದ, ಹಳೆಯ ಮನೆಗಳ ಜಗಲಿಗಳಿಂದ ಕಲಿತುಕೊಂಡ ವಸ್ತುಜ್ಞಾನವೆಲ್ಲ ಕಣ್ಕಟ್ಟಿನ ಲೆಕ್ಕಕ್ಕೆ ಹೋಗುತ್ತದೆ. ಅದು ನ್ಯಾಯವಲ್ಲ.

ಅಯ್ಯರ್ ಮುಂದೆ 1989ರಲ್ಲಿ ರಾಮಾನುಜರನ್ನು ಕುರಿತೂ ಚಿತ್ರ ತೆಗೆದು ಆಚಾರ್ಯತ್ರಯರ ಸರಣಿಯನ್ನು ಪೂರ್ಣಗೊಳಿಸಿದರು. ಚೇತನ ಮತ್ತು ಅಚೇತನಗಳೆಲ್ಲ ಭಗವಂತನ ಶರೀರ ಎಂಬ ರಾಮಾನುಜರ ಮತದಲ್ಲಿ ತಿಳಿವಳಿಕೆಯೆಲ್ಲವೂ ಹೇಗೋ ಇರುವುದನ್ನೇ ವಿಷಯವಾಗಿಸಿಕೊಳ್ಳುತ್ತದೆ. ಚಿಪ್ಪಿನಲ್ಲಿ ಬೆಳ್ಳಿಯ ಅಂಶ ಸ್ವಲ್ಪವಾದರೂ ಇರುವುದರಿಂದಲೇ ಅದು ಬೆಳ್ಳಿಯಾಗಿ ತೋರುತ್ತದೆ. ಪ್ಲಾಸ್ಟರಿನಲ್ಲಿ ಕಲ್ಲಿನ ಅಂಶವಿದೆ ಎಂಬ ಮಾತು ವಿಚಿತ್ರವಾಗಿ ಕೇಳಿಸಿದರೂ ಆ ಪುಡಿಯ ಮೂಲ ಜಿಪ್ಸಮ್ ಎಂಬ ಖನಿಜಶಿಲೆ ಎಂಬುದನ್ನು ನೆನೆದರೆ ಅದನ್ನು ಪೂರ್ತಿ ತಳ್ಳಿಹಾಕುವಂತಿಲ್ಲ.

ಹಾಗೆಂದು ಅದ್ವೈತವನ್ನು ಇಲ್ಲಿಗೆ ಕೈಬಿಡುವುದೂ ಸಲ್ಲದು, ಏಕೆಂದರೆ ಕಟ್ಟುವವನ ಮನಃಸ್ಥಿತಿಯನ್ನು ವಿವರಿಸುವಲ್ಲಿ ಅದರ ಒಂದು ಪರಿಕಲ್ಪನೆಗೆ ಸಾಟಿಯಿಲ್ಲ. ಜ್ಞಾನ ಉದಿಸಿದ ಮೇಲೂ ಜೀವನ್ಮುಕ್ತನಿಗೆ, ಎಂದರೆ ದೇಹವಿರುವಾಗಲೇ ಬಿಡುಗಡೆ ಪಡೆದವನಿಗೆ, ಜಗತ್ತು ತೋರುತ್ತಲೇ ಇರುತ್ತದೆ. ಸುಟ್ಟ ಬಟ್ಟೆ ಬೂದಿಯಾಗಿದ್ದೂ ಬಟ್ಟೆಯ ಆಕಾರದಲ್ಲಿ ಕಾಣುವಂತೆ, ಬಾಧೆಗೊಂಡದ್ದು ಮುಂದುವರಿದು ತೋರುವ ಈ ಸ್ಥಿತಿಗೆ ಬಾಧಿತಾನುವೃತ್ತಿ ಎಂದು ಹೆಸರು. ತಾನೇ ಕಟ್ಟಿಸಿದ ಗುಡಿಯ ಅಂಗಳದಲ್ಲಿ ನಿಂತ ಕಲಾ ನಿರ್ದೇಶಕನಿಗೆ ಗೋಡೆಯ ಹಿಂಬದಿಯ ಆಸರೆ ಕಂಬಗಳೂ ಮುಂಬದಿಯ ಗರ್ಭಗುಡಿಯೂ ಒಟ್ಟಿಗೆ ಕಾಣುತ್ತವೆ. ಒಂದು ಇನ್ನೊಂದನ್ನು ಅಳಿಸುವುದಿಲ್ಲ. ಚಿತ್ರೀಕರಣ ಮುಗಿದ ಮರುದಿನ ಕೆಲಸಗಾರರು ಅದನ್ನು ಕೀಳಲು ಬಂದಾಗ ಅವನು ಅಡ್ಡ ನಿಲ್ಲುವುದಿಲ್ಲ. ಮರ, ಮೊಳೆಗಳು ಇನ್ನೊಂದು ಚಿತ್ರದ ಇನ್ನೊಂದು ಗೋಡೆಗೆ ಹೋಗುತ್ತವೆ. ವಾಸ್ತುಶಿಲ್ಪಿಗೆ ತನ್ನ ಕಟ್ಟಡ ತನ್ನ ನಂತರವೂ ಉಳಿಯುತ್ತದೆಂಬ ಆಸೆಯಿರುತ್ತದೆ. ಅಂಥ ಆಸೆಗೆ ಎಡೆಯೇ ಇಲ್ಲದ ವೃತ್ತಿಯಲ್ಲಿ ದಶಕಗಳ ಕಾಲ ಶ್ರದ್ಧೆ ಕುಂದದಂತೆ ದುಡಿಯುವುದಕ್ಕೆ ಒಂದು ಆಂತರಿಕ ಶಿಸ್ತು ಬೇಕು. ಗೀತೆ ಹೇಳುವ ಫಲತ್ಯಾಗಕ್ಕೂ ಅದಕ್ಕೂ ಇರುವ ನೆಂಟಸ್ತಿಕೆ ಗಂಭೀರವಾದುದೇ.

ಕೊನೆಯದಾಗಿ, ಧರ್ಮದ ದೃಷ್ಟಿಯಿಂದ ಅತ್ಯಂತ ಸೂಕ್ಷ್ಮವಾದ ಪ್ರಶ್ನೆಯೊಂದಿದೆ: ಸೆಟ್ಟಿನ ಗರ್ಭಗುಡಿಯಲ್ಲಿ ಕೂರಿಸಿದ ಮೂರ್ತಿ ಏನು? ಉಡುಪಿಯ ಐತಿಹ್ಯದಂತೆ ಮಧ್ವರಿಗೆ ಕೃಷ್ಣನ ಪ್ರತಿಮೆ ದೊರೆತದ್ದು ಮಲ್ಪೆಯ ಕಡಲಿನಲ್ಲಿ ಬಂದ ಹಡಗಿನ ಗೋಪೀಚಂದನದ ಹೆಂಟೆಯೊಳಗೆ. ಅದನ್ನು ಅವರು ಪ್ರತಿಷ್ಠಾಪಿಸಿದರು. ಆ ಪ್ರಸಂಗವನ್ನು ಚಿತ್ರಿಸುವವರು ಅದೇ ಬಗೆಯ ಮಣ್ಣಿನ ಹೆಂಟೆಯನ್ನೂ ಅದರೊಳಗೊಂದು ಮೂರ್ತಿಯನ್ನೂ ಮಾಡಿಸಬೇಕಾಗುತ್ತದೆ. ಎರಡೂ ಮೂರ್ತಿಗಳನ್ನು ಮಾಡಿದ್ದು ಮನುಷ್ಯರ ಕೈಯೇ ಆಗಿರಬಹುದು, ಎರಡೂ ಶಾಸ್ತ್ರದ ಲಕ್ಷಣಕ್ಕೆ ಹೊಂದಿರಬಹುದು. ಆಗಮಗಳ ಪ್ರಕಾರ ವ್ಯತ್ಯಾಸ ಇರುವುದು ರೂಪದಲ್ಲಿ ಅಲ್ಲ, ಪ್ರತಿಷ್ಠೆಯಲ್ಲಿ: ಕಣ್ಣು ತೆರೆಸುವ ನೇತ್ರೋನ್ಮೀಲನ, ಪ್ರಾಣಪ್ರತಿಷ್ಠೆ, ಅನಂತರದ ನಿತ್ಯಪೂಜೆ ಇವು ನಡೆದಲ್ಲಿ ಶಿಲೆ ಪೂಜ್ಯವಾಗುತ್ತದೆ. ಚೌತಿಯ ಮಣ್ಣಿನ ಗಣಪನನ್ನು ಮನೆಮನೆಯಲ್ಲಿ ಆವಾಹಿಸಿ, ಪೂಜಿಸಿ, ವಿಸರ್ಜಿಸುವ ಜನಕ್ಕೆ ಈ ತರ್ಕ ಹೊಸದಲ್ಲ. ಮಧ್ವರ ಮತದಲ್ಲಂತೂ ಪ್ರತಿಮೆ ಎಂದೂ ದೇವರಲ್ಲ. ಅದು ದೇವರ ಸನ್ನಿಧಾನಕ್ಕೆ ನೆಲೆ. ಪ್ರತಿಮೆಯನ್ನೇ ದೇವರೆಂದು ತಿಳಿಯುವುದು ಅವರ ದೃಷ್ಟಿಯಲ್ಲಿ ಅಪರಾಧ.

ಹೀಗಿದ್ದೂ ಸೆಟ್ಟಿನ ದೇವರ ಮುಂದೆ ಚಪ್ಪಲಿ ಕಳಚಿ ಕೈಮುಗಿಯುವ ಸಹಕಲಾವಿದರು, ಮಂಗಳಾರತಿಯ ದೃಶ್ಯ ಮುಗಿದ ಮೇಲೆ ತಟ್ಟೆಯ ಉರಿಗೆ ಅಂಗೈ ಒಡ್ಡಿ ಕಣ್ಣಿಗೊತ್ತಿಕೊಳ್ಳುವ ಕೆಲಸಗಾರರು ಇರುತ್ತಾರೆ. ಅವರನ್ನು ಮುಗ್ಧರೆಂದು ಬದಿಗೆ ಸರಿಸುವುದು ಸುಲಭ, ಆದರೆ ಆ ಮೂರ್ತಿ ಎರಕವಾಗುವುದನ್ನು ಕಂಡವರೂ ಅವರಲ್ಲಿರುತ್ತಾರೆ ಎಂಬುದನ್ನು ಗಮನಿಸಿದರೆ ಆ ವಿವರಣೆ ನಿಲ್ಲುವುದಿಲ್ಲ. ಮೂವರು ಆಚಾರ್ಯರೂ ಇಲ್ಲಿ ಒಂದು ಮಾತಿಗೆ ಸಮ್ಮತಿಸುವರೆಂದು ತೋರುತ್ತದೆ: ನಮಸ್ಕಾರ ತಲುಪುವುದು ಗಾರೆಗಲ್ಲ, ಎಲ್ಲೆಡೆಯೂ ಇರುವವನಿಗೆ, ಗಾರೆ ಆ ಕ್ಷಣಕ್ಕೆ ಅವನ ನೆನಪನ್ನು ತಂದುಕೊಟ್ಟಿತು. ಭಿನ್ನಮತ ಏಳುವುದು ಅನಂತರ, ನೆನಪು ತಂದುಕೊಟ್ಟ ಗಾರೆಯ ಸ್ಥಾನ ಯಾವುದು ಎಂಬಲ್ಲಿ. ಅದ್ವೈತಿಗೆ ಅದು ದಾಟಿ ಬಿಡಬೇಕಾದ ಮೆಟ್ಟಿಲು, ರಾಮಾನುಜೀಯನಿಗೆ ಅದೂ ಭಗವಂತನ ಶರೀರದ ಒಂದು ಕಣ. ತತ್ತ್ವವಾದಿಗೆ ಅದು ಭಗವಂತನ ಅಧೀನದಲ್ಲಿರುವ, ಅವನಿಗಿಂತ ಬೇರೆಯಾದ, ತನ್ನಷ್ಟಕ್ಕೆ ಸತ್ಯವಾದ ಜಡ. ಅದನ್ನು ಹದವರಿತು ತಿದ್ದಿದವನ ಕೌಶಲವೂ ಅಷ್ಟೇ ಸತ್ಯ, ಅಷ್ಟೇ ಅಧೀನ. ಈ ಕೊನೆಯ ನಿಲುವಿನಲ್ಲಿ ಮಾತ್ರ ಅಚ್ಚು ತೆಗೆದವನಿಗೆ, ಬಣ್ಣ ಒತ್ತಿದವನಿಗೆ, ಹೊಸ್ತಿಲಿನ ನಡುವನ್ನು ಸವೆಸಿದವನಿಗೆ ತನ್ನ ಕೆಲಸದ ಪೂರ್ತಿ ಹೊಣೆಯೂ ಪೂರ್ತಿ ಗೌರವವೂ ಒಟ್ಟಿಗೆ ಉಳಿಯುತ್ತವೆ.